ಟ್ಯಾನಿನ್

ಪ್ರೋಟೀನಿನೊಡನೆ ಬಿಗಿಯಾಗಿ ಕೂಡಿಕೊಂಡು ಅದನ್ನು ದ್ರಾವಣದಿಂದ ಗಸಿಯಾಗಿ ಇಳಿಸಬಲ್ಲ, ಹಸಿ ಚರ್ಮವನ್ನು ಕೊಳೆಯದ ತೊಗಲನ್ನಾಗಿ ಮಾಡಬಲ್ಲ ಸಸ್ಯಮೂಲದ ಪಾಲಿಫೀನಾಲ್‌ಗಳ ಗುಂಪಿಗೆ ಟ್ಯಾನಿನ್ ಎಂದು ಹೆಸರು. ಬಾಳೆಕಾಯಿ, ಎಳೆ ಅಡಿಕೆ, ಅಳಲೆಕಾಯಿ, ಗೇರುಹಣ್ಣು, ನೇರಳೆ, ದಾಳಿಂಬೆಯ ಸಿಪ್ಪೆ, ಕಾಚು ಇವುಗಳ ಒಗರಿಗೆ ಮುಖ್ಯ ಕಾರಣ ಟ್ಯಾನಿನ್‌ಗಳೇ. ತೊಗಟೆ, ಎಲೆ, ಕಾಯಿ, ಬೀಜದ ಹೊರಪದರ, ಮರದ ತಿರುಳು, ಬೇರು ಹೀಗೆ ಗಿಡದ ಯಾವ ಭಾಗದಲ್ಲಾದರೂ ಇವು ಇರಬಹುದು.

ಸಸ್ಯರಸಾಯನದ ಹಲವು ಪದಗಳು ವಸ್ತುವಿನ ರಚನೆಯನ್ನು ಸೂಚಿಸುತ್ತವೆ. ಗ್ಲೈಕೊಸೈಡ್ ಎಂದರೆ ಸಕ್ಕರೆಯ ತುಣುಕೊಂದು ಸೇರಿಕೊಂಡಿರುವ ಅಣು. ಫ್ಲೇವನಾಯ್ಡ್ ಎಂದರೆ ಹದಿನೈದು ಇಂಗಾಲಗಳ ನಿರ್ದಿಷ್ಟ ಚೌಕಟ್ಟುಳ್ಳದ್ದು. ಟ್ಯಾನಿನ್ ಹಾಗಲ್ಲ. ಅದು ವಸ್ತು ಮಾಡುವ ಕೆಲಸದಿಂದ ಬಂದ ಹೆಸರು. ಒಂದಕ್ಕೊಂದು ಸಂಬಂಧವೇ ಇಲ್ಲದ ದಾರಿಗಳಲ್ಲಿ ಗಿಡದೊಳಗೆ ತಯಾರಾಗುವ ಅಣುಗಳು, ಮಾಡುವ ಕೆಲಸ ಒಂದೇ ಎಂಬ ಕಾರಣಕ್ಕೆ, ಈ ಹೆಸರಿನಡಿ ಬಂದು ಸೇರಿವೆ. ಈ ಪದದ ಬಳಕೆಯಲ್ಲಿ ಇಂದಿಗೂ ಕಾಣುವ ಗೊಂದಲಗಳ ಮೂಲ ಇಲ್ಲಿಯೇ ಇದೆ.

ಓಕ್ ಮರದ ಪುಡಿಮಾಡಿದ ತೊಗಟೆಯಿಂದ ಚರ್ಮ ಹದ ಮಾಡುವುದು ಯುರೋಪಿನ ಹಳೆಯ ಕಸುಬು. ಆ ಪುಡಿಗೆ ಫ್ರೆಂಚ್ ಭಾಷೆಯಲ್ಲಿ ಟಾನ್ ಎಂಬ ಹೆಸರಿತ್ತು. ತೊಗಟೆಯ ಕಷಾಯದಲ್ಲಿ ಚರ್ಮದ ಜೊತೆ ಕೂಡಿ ಅದನ್ನು ಕೊಳೆಯದಂತೆ ಕಾಪಾಡುವ ಒಂದು ವಸ್ತು ಇದೆಯೆಂದು ಗುರುತಿಸಿ, 1796ರಲ್ಲಿ ಅದಕ್ಕೆ ಟ್ಯಾನಿನ್ ಎಂಬ ಹೆಸರನ್ನು ಬಳಕೆಗೆ ತಂದವನು ಫ್ರಾನ್ಸಿನ ರಸಾಯನಜ್ಞ ಆರ್ಮಾಂ ಸೆಗ್ವಿನ್. ಲಾವೋಸಿಯೆಯ ಜೊತೆ ಕೆಲಸ ಮಾಡಿದ್ದ ಈತ ಕ್ರಾಂತಿಯ ದಿನಗಳಲ್ಲಿ ಸೈನಿಕರ ಬೂಟುಗಳಿಗೆ ಬೇಕಾದ ತೊಗಲನ್ನು ಬೇಗ ಹದ ಮಾಡುವ ಮಾರ್ಗ ಹುಡುಕುತ್ತಿದ್ದ. ವರ್ಷಗಟ್ಟಲೆ ಹಿಡಿಯುತ್ತಿದ್ದ ಕೆಲಸವನ್ನು ವಾರಗಳಿಗೆ ಇಳಿಸುವುದು ಅವನ ಗುರಿ. ಕಷಾಯಕ್ಕೆ ಜೆಲಟಿನ್ ದ್ರಾವಣ ಬೆರೆಸಿದರೆ ಗಸಿ ಕೂರುತ್ತದೆ ಎಂಬ ಅವನ ಪರೀಕ್ಷೆ ಇವತ್ತಿಗೂ ಪ್ರಯೋಗಶಾಲೆಗಳಲ್ಲಿ ಉಳಿದಿದೆ.

ಹೆಸರು ಹುಟ್ಟುವ ಮೊದಲೇ ವಸ್ತುವಿನ ಪರಿಚಯ ಜನರಿಗಿತ್ತು. ಕ್ರಿ.ಶ. ಮೊದಲನೇ ಶತಮಾನದ ರೋಮನ್ ಲೇಖಕ ಪ್ಲೀನಿ, ಕೀಟ ಮೊಟ್ಟೆಯಿಟ್ಟಾಗ ಓಕ್ ಮರದ ಮೇಲೆ ಬೆಳೆಯುವ ಗಂಟಿನ ಕಷಾಯದಲ್ಲಿ ನೆನೆಸಿದ ಪಪೈರಸ್ ಹಾಳೆಯಿಂದ ತಾಮ್ರದ ಕಿಲುಬಿನಲ್ಲಿ ಬೆರೆತ ಕಬ್ಬಿಣದ ಲವಣವನ್ನು ಪತ್ತೆ ಮಾಡುವುದನ್ನು ಬರೆದಿದ್ದಾನೆ. ಹಾಳೆ ಕಪ್ಪಾದರೆ ಕಲಬೆರಕೆ ಖಚಿತ. ರಸಾಯನಶಾಸ್ತ್ರದ ಅತಿ ಹಳೆಯ ಪರೀಕ್ಷೆಗಳಲ್ಲಿ ಇದೂ ಒಂದು. 1786ರಲ್ಲಿ ಸ್ವೀಡನ್ನಿನ ಶೀಲೆ ಗಂಟುಗಳಿಂದ ಗ್ಯಾಲಿಕ್ ಆಮ್ಲವನ್ನು ಬೇರ್ಪಡಿಸಿದ. 1803ರಲ್ಲಿ ಲಂಡನ್ನಿನ ಹಂಫ್ರಿ ಡೇವಿ ಒಗರು ಸಸ್ಯವಸ್ತುಗಳ ಬಗ್ಗೆ ದೀರ್ಘ ಪ್ರಬಂಧವನ್ನು ಪ್ರಕಟಿಸಿದ. ಅದಕ್ಕಾಗಿ ಅವನು ಪರೀಕ್ಷಿಸಿದ ವಸ್ತುಗಳಲ್ಲಿ ಮುಂಬಯಿ ಮತ್ತು ಬಂಗಾಳದಿಂದ ಹೋಗಿದ್ದ ಕಾಚು ಸೇರಿತ್ತು. ಓಕ್ ತೊಗಟೆಗಿಂತ ಕಾಚು ಹಲವು ಪಟ್ಟು ಬಲವಾದದ್ದು ಎಂದು ಡೇವಿ ಕಂಡುಕೊಂಡ. ಮುಂದೆ ಕಾಚಿನಿಂದಲೇ ಬೇರ್ಪಡಿಸಿದ ಒಂದು ಸಣ್ಣ ಅಣುವಿಗೆ ಕ್ಯಾಟೆಚಿನ್ ಎಂಬ ಹೆಸರು ಬಂತು. ಚಹಾದ ಪೊಟ್ಟಣಗಳ ಮೇಲೆ ಇಂದು ಕಾಣುವ ಕ್ಯಾಟೆಚಿನ್ ಇದೇ ಕುಲದ್ದು.

ರಚನೆಯ ಗುಟ್ಟು ಬಿಚ್ಚಿಕೊಂಡದ್ದು 20ನೇ ಶತಮಾನದಲ್ಲಿ. ಜರ್ಮನಿಯ ಎಮಿಲ್ ಫಿಶರ್ ಮತ್ತು ಅವನ ಶಿಷ್ಯ ಕಾರ್ಲ್ ಫ್ರಾಯ್ಡೆನ್‌ಬರ್ಗ್ 1912ರಲ್ಲಿ ಗಂಟುಗಳ ಟ್ಯಾನಿನ್ ಅಣುವಿನ ನಡುವೆ ಗ್ಲೂಕೋಸ್, ಸುತ್ತಲೂ ಗ್ಯಾಲಿಕ್ ಆಮ್ಲದ ತುಣುಕುಗಳು ಇವೆಯೆಂದು ತೋರಿಸಿದರು. 1920ರಲ್ಲಿ ಫ್ರಾಯ್ಡೆನ್‌ಬರ್ಗ್ ಟ್ಯಾನಿನ್‌ಗಳನ್ನು ಎರಡು ಬಣಗಳಾಗಿ ವಿಂಗಡಿಸಿದ: ಆಮ್ಲ ಅಥವಾ ಕಿಣ್ವದಿಂದ ಸುಲಭವಾಗಿ ಒಡೆಯುವಂಥವು ಜಲವಿಚ್ಛೇದ್ಯ ಟ್ಯಾನಿನ್‌ಗಳು, ಹಾಗೆ ಒಡೆಯದಂಥವು ಸಾಂದ್ರಿತ ಟ್ಯಾನಿನ್‌ಗಳು. ನೂರು ವರ್ಷ ದಾಟಿದರೂ ಪಠ್ಯಪುಸ್ತಕಗಳು ಈ ವಿಂಗಡಣೆಯನ್ನೇ ಹಿಡಿದು ನಡೆಯುತ್ತಿವೆ.

1962ರಲ್ಲಿ ಇಂಗ್ಲೆಂಡಿನ ಬೇಟ್-ಸ್ಮಿತ್ ಮತ್ತು ಸ್ವೇನ್ ಕೊಟ್ಟ ವ್ಯಾಖ್ಯೆ ಇಂದಿಗೂ ಹೆಚ್ಚು ಉಲ್ಲೇಖಗೊಳ್ಳುವಂಥದು. ಅವರ ಪ್ರಕಾರ ಟ್ಯಾನಿನ್ ಎಂದರೆ ನೀರಿನಲ್ಲಿ ಕರಗುವ, 500ರಿಂದ 3,000ದವರೆಗಿನ ಅಣುತೂಕದ ಫೀನಾಲ್ ಸಂಯುಕ್ತ. ಫೀನಾಲ್‌ಗಳ ಸಾಮಾನ್ಯ ಗುಣಗಳ ಜೊತೆಗೆ ಆಲ್ಕಲಾಯ್ಡ್, ಜೆಲಟಿನ್ ಮತ್ತಿತರ ಪ್ರೋಟೀನ್‌ಗಳನ್ನು ಗಸಿಯಾಗಿ ಇಳಿಸುವ ಶಕ್ತಿಯೂ ಅದಕ್ಕಿರಬೇಕು. ಅಣುತೂಕದ ಈ ಮಿತಿ ಸುಮ್ಮನೆ ಹಾಕಿದ್ದಲ್ಲ. ಅಣು ತೀರ ಸಣ್ಣದಾದರೆ ಎರಡು ಪ್ರೋಟೀನ್ ಎಳೆಗಳನ್ನು ಏಕಕಾಲಕ್ಕೆ ಹಿಡಿಯಲಾರದು. ತೀರ ದೊಡ್ಡದಾದರೆ ನೀರಿನಲ್ಲಿ ಕರಗದು, ಚರ್ಮದ ಎಳೆಗಳ ನಡುವೆ ತೂರಲಾರದು. 3,000 ದಾಟಿದರೂ ಚೆನ್ನಾಗಿಯೇ ಕರಗುವ ಸಾಂದ್ರಿತ ಟ್ಯಾನಿನ್‌ಗಳು ಮುಂದೆ ಪತ್ತೆಯಾದದ್ದರಿಂದ ಮೇಲಿನ ಗಡಿಯನ್ನು ಈಗ ಸಡಿಲವಾಗಿ ನೋಡಲಾಗುತ್ತದೆ. ಕೆಳಗಿನ ಗಡಿ ಮಾತ್ರ ಗಟ್ಟಿಯಾಗಿ ನಿಂತಿದೆ.

ಜಲವಿಚ್ಛೇದ್ಯ ಟ್ಯಾನಿನ್‌ಗಳ ನಡುಗಂಬ ಸಾಮಾನ್ಯವಾಗಿ ಗ್ಲೂಕೋಸ್. ಅದರ ಐದು ಹೈಡ್ರಾಕ್ಸಿಲ್ ಗುಂಪುಗಳಿಗೂ ಗ್ಯಾಲಿಕ್ ಆಮ್ಲ ಕೂಡಿದರೆ ಪೆಂಟಾಗ್ಯಾಲಾಯ್ಲ್ ಗ್ಲೂಕೋಸ್ ಆಗುತ್ತದೆ. ಈ ಕುಲದ ಮೂಲಪುರುಷ ಇದೇ. ಅದರ ಮೇಲೆ ಇನ್ನಷ್ಟು ಗ್ಯಾಲಿಕ್ ಆಮ್ಲದ ತುಣುಕುಗಳು ಸರಪಳಿಯಾಗಿ ಬೆಳೆದರೆ ಗ್ಯಾಲೊಟ್ಯಾನಿನ್. ಅಕ್ಕಪಕ್ಕದ ಎರಡು ತುಣುಕುಗಳು ಇಂಗಾಲದಿಂದ ಇಂಗಾಲಕ್ಕೆ ಬೆಸೆದುಕೊಂಡರೆ ಎಲ್ಯಾಜಿಟ್ಯಾನಿನ್. ಒಡೆದಾಗ ಮೊದಲನೆಯದರಿಂದ ಗ್ಯಾಲಿಕ್ ಆಮ್ಲವೂ ಎರಡನೆಯದರಿಂದ ಎಲ್ಯಾಜಿಕ್ ಆಮ್ಲವೂ ಹೊರಬರುತ್ತವೆ. ಗ್ರಂಥಿಗೆ ಅಂಗಡಿಗಳಲ್ಲಿ ಸಿಗುವ ಮಾಚಿಕಾಯಿ ಗ್ಯಾಲೊಟ್ಯಾನಿನ್‌ನ ಹಳೆಯ ಆಕರ. ಹೆಸರಲ್ಲಿ ಕಾಯಿ ಇದ್ದರೂ ಅದು ಕಾಯಲ್ಲ. ಪಶ್ಚಿಮ ಏಷ್ಯಾದ ಒಂದು ಜಾತಿಯ ಓಕ್ ಮರದ ಮೇಲೆ ಕಣಜದಂಥ ಕೀಟ ಮೊಟ್ಟೆಯಿಟ್ಟಾಗ ಅದರ ಸುತ್ತ ಬೆಳೆಯುವ ಗಂಟು. ಅದರ ತೂಕದ ಅರ್ಧ ಭಾಗ, ಕೆಲವೊಮ್ಮೆ ಅದಕ್ಕೂ ಹೆಚ್ಚು, ಟ್ಯಾನಿನ್ನೇ ಆಗಿರುತ್ತದೆ. ಎಲ್ಯಾಜಿಟ್ಯಾನಿನ್‌ಗಳಿಗೆ ದಾಳಿಂಬೆ ಸಿಪ್ಪೆಯ ಪ್ಯೂನಿಕಲಾಜಿನ್, ಅಳಲೆಕಾಯಿಯ ಚೆಬುಲಾಜಿಕ್ ಆಮ್ಲ ಪ್ರಸಿದ್ಧ ಉದಾಹರಣೆಗಳು. ಅಳಲೆ, ತಾರೆ, ನೆಲ್ಲಿ ಸೇರಿದ ತ್ರಿಫಲಾ ಚೂರ್ಣದ ಮೂರೂ ಕಾಯಿಗಳು ಜಲವಿಚ್ಛೇದ್ಯ ಟ್ಯಾನಿನ್‌ಗಳ ಕಣಜಗಳು.

ಸಾಂದ್ರಿತ ಟ್ಯಾನಿನ್‌ಗಳಲ್ಲಿ ಸಕ್ಕರೆಯ ನಡುಗಂಬ ಇಲ್ಲ. ಕ್ಯಾಟೆಚಿನ್, ಎಪಿಕ್ಯಾಟೆಚಿನ್ ಮುಂತಾದ ಫ್ಲೇವನಾಲ್ ಘಟಕಗಳು ಎರಡರಿಂದ ಹಿಡಿದು ಹತ್ತಾರರವರೆಗೆ ಸಾಲಾಗಿ ಕೊಂಡಿ ಹಾಕಿಕೊಂಡ ಸರಗಳು ಇವು. ಆಮ್ಲ ಬೆರೆಸಿದ ಆಲ್ಕೊಹಾಲಿನಲ್ಲಿ ಕಾಯಿಸಿದರೆ ಈ ಸರ ಕಡಿದು ಕೆಂಪು ಬಣ್ಣದ ಆಂಥೊಸಯಾನಿಡಿನ್ ಹೊರಬರುತ್ತದೆ. ಅದಕ್ಕಾಗಿಯೇ ಇವುಗಳಿಗೆ ಪ್ರೊಆಂಥೊಸಯಾನಿಡಿನ್ ಎಂಬ ಇನ್ನೊಂದು ಹೆಸರು. ಅಡಿಕೆ, ಕಾಚು, ಕರಿಜಾಲಿಯ ತೊಗಟೆ, ತಂಗಡಿಯ ತೊಗಟೆ, ದ್ರಾಕ್ಷಿಬೀಜ, ಕಾಂಡ್ಲಾ ಮರಗಳ ತೊಗಟೆ ಇವೆಲ್ಲ ಈ ಬಣದವು. ಕಂದು ಬಣ್ಣದ ಕಡಲಪಾಚಿಗಳಲ್ಲಿ ಮಾತ್ರ ಕಾಣುವ ಫ್ಲೋರೊಟ್ಯಾನಿನ್‌ಗಳನ್ನು ಮೂರನೆಯ ಬಣವೆಂದು ಎಣಿಸುವುದುಂಟು. ನೆಲದ ಗಿಡಗಳಲ್ಲಿ ಅವು ಇಲ್ಲ.

ಜೀವಕೋಶದ ಒಳಗೆ ಟ್ಯಾನಿನ್ ಸ್ವೇಚ್ಛೆಯಾಗಿ ತಿರುಗಾಡಿದರೆ ಗಿಡದ ಸ್ವಂತ ಕಿಣ್ವಗಳೇ ಕೆಟ್ಟುಹೋಗುತ್ತವೆ. ಆದ್ದರಿಂದ ಗಿಡ ಅದನ್ನು ವ್ಯಾಕ್ಯೂಲ್ ಎಂಬ ರಸಚೀಲದಲ್ಲಿ ಕೂಡಿಡುತ್ತದೆ. ಸಾಂದ್ರಿತ ಟ್ಯಾನಿನ್ ಹರಿತ್ತುಕಣಗಳ ಒಳಪೊರೆಯಿಂದ ಉದುರುವ ಸಣ್ಣ ಕೋಶಾಂಗಗಳಲ್ಲಿ ತಯಾರಾಗಿ, ಪೊರೆಯಲ್ಲಿ ಸುತ್ತಿಕೊಂಡೇ ವ್ಯಾಕ್ಯೂಲ್‌ಗೆ ಸಾಗುತ್ತದೆಂದು 2013ರಲ್ಲಿ ಫ್ರಾನ್ಸಿನ ವಿಜ್ಞಾನಿಗಳು ತೋರಿಸಿಕೊಟ್ಟರು. ಆ ಕೋಶಾಂಗಕ್ಕೆ ಟ್ಯಾನೊಸೋಮ್ ಎಂದು ಹೆಸರಿಟ್ಟರು. ಕೀಟವೋ ದನವೋ ಎಲೆಯನ್ನು ಅಗಿದಾಗ ಚೀಲ ಒಡೆದು, ಟ್ಯಾನಿನ್ ಎಲೆಯ ಪ್ರೋಟೀನಿನೊಡನೆಯೂ ತಿನ್ನುವವರ ಜೊಲ್ಲಿನೊಡನೆಯೂ ಬೆರೆಯುತ್ತದೆ.

ಬೆರೆತಾಗ ನಡೆಯುವುದೇನು? ಟ್ಯಾನಿನ್ ಅಣುವಿನ ಮೈತುಂಬ ಹೈಡ್ರಾಕ್ಸಿಲ್ ಗುಂಪುಗಳಿವೆ. ಪ್ರೋಟೀನಿನ ಬೆನ್ನೆಲುಬಿನಲ್ಲಿರುವ ಆಮ್ಲಜನಕದೊಡನೆ ಅವು ಹೈಡ್ರೊಜನ್ ಬಂಧ ಬೆಳೆಸುತ್ತವೆ. ಟ್ಯಾನಿನ್ನಿನ ಚಪ್ಪಟೆ ಬೆಂಜೀನ್ ಉಂಗುರಗಳು ಪ್ರೋಟೀನಿನ ನೀರೊಲ್ಲದ ಜಾಗಗಳಿಗೆ, ಅದರಲ್ಲೂ ಪ್ರೋಲಿನ್ ಎಂಬ ಅಮೈನೊ ಆಮ್ಲ ಇರುವ ಕಡೆಗೆ, ಒತ್ತಿ ಕೂರುತ್ತವೆ. ಒಂದೊಂದು ಬಂಧವೂ ಬಲಹೀನ. ಆದರೆ ಒಂದೇ ಅಣು ಹತ್ತಾರು ಕಡೆ ಹಿಡಿಯುವುದರಿಂದ ಒಟ್ಟು ಹಿಡಿತ ಭದ್ರ. ಒಂದು ಟ್ಯಾನಿನ್ ಎರಡು ಪ್ರೋಟೀನ್ ಎಳೆಗಳನ್ನು ಹಿಡಿದಾಗ ಜಾಲ ಬೆಳೆದು ಗಸಿ ಕೂರುತ್ತದೆ. ಮನುಷ್ಯನ ಜೊಲ್ಲಿನಲ್ಲಿ ಪ್ರೋಲಿನ್ ಹೇರಳವಾಗಿರುವ ಪ್ರೋಟೀನ್‌ಗಳಿವೆ. ಟ್ಯಾನಿನ್ ಅವನ್ನು ಗಸಿ ಮಾಡಿದೊಡನೆ ಬಾಯಿಯ ಜಾರುಗುಣ ಹೋಗಿ, ನಾಲಗೆ ಕೆನ್ನೆಗೆ ಉಜ್ಜಿದಂತೆ, ಬಾಯಿ ಒಣಗಿ ಬಿಗಿದಂತೆ ಅನ್ನಿಸುತ್ತದೆ. ಆಯುರ್ವೇದ ಷಡ್ರಸಗಳಲ್ಲಿ ಒಗರನ್ನು ಕಷಾಯವೆಂದು ಸೇರಿಸಿದೆ. ಇಂದಿನ ಶರೀರಶಾಸ್ತ್ರ ಅದನ್ನು ಸಿಹಿ, ಕಹಿಗಳ ಸಾಲಿನಲ್ಲಿಡದೆ ಮುಖ್ಯವಾಗಿ ಸ್ಪರ್ಶದ ಅನುಭವವೆಂದು ಪರಿಗಣಿಸುತ್ತದೆ. ಒಗರು ನಾಲಗೆಯಲ್ಲಷ್ಟೇ ಅಲ್ಲ, ತುಟಿಯ ಒಳಭಾಗದಲ್ಲಿ, ಒಸಡಿನಲ್ಲಿ, ಕೆನ್ನೆಯಲ್ಲಿ ಕೂಡ ಗೊತ್ತಾಗುವುದು ಇದಕ್ಕೆ ಸಾಕ್ಷಿ.

ಅಡುಗೆಮನೆ ಈ ರಸಾಯನವನ್ನು ಹೆಸರು ಗೊತ್ತಿಲ್ಲದೆಯೇ ಚೆನ್ನಾಗಿ ಅರಿತಿದೆ. ಬಾಳೆಹೂವಿನ ಪಲ್ಯಕ್ಕೆ ಹೂವಿನ ದಳಗಳನ್ನು ಹೆಚ್ಚುತ್ತಿದ್ದಂತೆ ಮಜ್ಜಿಗೆ ನೀರಿಗೆ ಹಾಕುವುದು ವಾಡಿಕೆ. ಮಜ್ಜಿಗೆಯ ಹುಳಿ ಹೆಚ್ಚಿದ ಭಾಗ ಕಪ್ಪಾಗುವುದನ್ನು ತಡೆಯುತ್ತದೆ. ಅದರಲ್ಲಿರುವ ಕೇಸಿನ್ ಪ್ರೋಟೀನ್ ಒಗರನ್ನು ಕಟ್ಟಿಹಾಕುತ್ತದೆ. ಮಲೆನಾಡಿನಲ್ಲಿ ದಾಳಿಂಬೆ ಸಿಪ್ಪೆ, ನೇರಳೆಯ ಕುಡಿ, ಇತರ ಒಗರು ಚಿಗುರುಗಳನ್ನು ಹುರಿದು ಅರೆದು ತಂಬುಳಿ ಮಾಡುವಾಗ ಮಜ್ಜಿಗೆಯೇ ಆಧಾರವಾಗಿರುವುದೂ ಇದೇ ಕಾರಣಕ್ಕೆ ಹಿತವಾಗುತ್ತದೆ. ಕಡುಚಹಾಕ್ಕೆ ಹಾಲು ಬಿದ್ದೊಡನೆ ಅದರ ಒಗರು ಮೆತ್ತಗಾಗುವುದರ ಹಿಂದೆಯೂ ಕೇಸಿನ್ ಇದೆ. ಗೇರುಹಣ್ಣಿನ ರಸವನ್ನು ತಿಳಿಗೊಳಿಸಲು ಗಂಜಿ, ಸಾಬೂದಾನೆ ಅಥವಾ ಜೆಲಟಿನ್ ಬೆರೆಸಿ, ಕೂರುವ ಗಸಿಯನ್ನು ಸೋಸಿ ತೆಗೆಯುತ್ತಾರೆ. ಕರಾವಳಿಯಲ್ಲಿ ಗೇರುಬೀಜ ತೆಗೆದುಕೊಂಡ ಮೇಲೆ ಹಣ್ಣಿನ ಬಹುಪಾಲು ತೋಟದಲ್ಲೇ ಕೊಳೆಯಲು ಈ ಒಗರು ಒಂದು ದೊಡ್ಡ ಕಾರಣ. ಇಷ್ಟು ಸರಳವಾದ ಪರಿಹಾರ ಇದ್ದೂ ರಸಭರಿತವಾದ ಹಣ್ಣು ಮಣ್ಣುಪಾಲಾಗುವುದು ನಿಜವಾದ ನಷ್ಟ.

ಕಾಯಿ ಹಣ್ಣಾದಾಗ ಒಗರು ಇಳಿಯುತ್ತದೆ. ಅಷ್ಟೂ ಟ್ಯಾನಿನ್ ಮಾಯವಾಗಿ ಅಲ್ಲ. ಬಾಳೆಯಲ್ಲಿ ಟ್ಯಾನಿನ್ ಇರುವುದು ತಿರುಳು ಮತ್ತು ಸಿಪ್ಪೆಯ ಹಾಲುನಾಳಗಳಲ್ಲಿ. ಮಾಗುವಾಗ ಅವು ಇನ್ನಷ್ಟು ಉದ್ದದ ಸರಗಳಾಗಿ ಕೂಡಿಕೊಂಡು ಕರಗದ ಸ್ಥಿತಿಗೆ ಹೋಗುತ್ತವೆ. ಕರಗದ ಟ್ಯಾನಿನ್ ಜೊಲ್ಲಿಗೆ ಸಿಗುವುದಿಲ್ಲ. ಮೆತ್ತಗಾಗುವ ತಿರುಳಿನಿಂದ ಬಿಡುಗಡೆಯಾಗುವ ಪೆಕ್ಟಿನ್ ಒಂದಿಷ್ಟನ್ನು ಹಿಡಿದಿಡುತ್ತದೆ. ಬೀಜ ಬಲಿಯುವವರೆಗೆ ತಿನ್ನುವವರನ್ನು ದೂರವಿಟ್ಟು, ಬಲಿತ ಮೇಲೆ ಕರೆಯುವ ಏರ್ಪಾಡು ಇದು.

ಕೀಟ, ಶಿಲೀಂಧ್ರಗಳ ವಿರುದ್ಧವೂ ಟ್ಯಾನಿನ್ ರಕ್ಷಣೆಯಾಗಬಲ್ಲದು. ಓಕ್ ಎಲೆಗಳಲ್ಲಿ ಋತು ಮುಂದುವರಿದಂತೆ ಟ್ಯಾನಿನ್ ಏರುವುದನ್ನು, ಕಂಬಳಿಹುಳುಗಳು ವಸಂತದ ಎಳೆ ಎಲೆಗಳನ್ನೇ ಆಯ್ದುಕೊಳ್ಳುವುದನ್ನು 1970ರಲ್ಲಿ ಪಾಲ್ ಫೀನಿ ವಿವರಿಸಿದ. ಸಸ್ಯ-ಕೀಟ ಸಂಬಂಧದ ಅಧ್ಯಯನಕ್ಕೆ ಅದು ಹೊಸ ದಾರಿ ತೆರೆಯಿತು. ಆದರೆ ಟ್ಯಾನಿನ್ ಎಲ್ಲ ಕೀಟಗಳನ್ನೂ ತಡೆಯುತ್ತದೆಂಬ ನಂಬಿಕೆ ನಿಂತಿಲ್ಲ. ಅನೇಕ ಹುಳುಗಳ ಕರುಳು ಕ್ಷಾರೀಯವಾಗಿದ್ದು ಅಲ್ಲಿ ಟ್ಯಾನಿನ್ ಪ್ರೋಟೀನನ್ನು ಹಿಡಿಯಲಾರದು. ಬೀಜದ ಸಿಪ್ಪೆಯಲ್ಲಿ ಟ್ಯಾನಿನ್ ತುಂಬಿದ ಕಂದು ಜೋಳದ ತಳಿಗಳನ್ನು ಹಕ್ಕಿಗಳು ಅಷ್ಟಾಗಿ ಮುಟ್ಟುವುದಿಲ್ಲ. ಆಫ್ರಿಕಾದ ರೈತರು ಅವನ್ನು ಬೇಕೆಂದೇ ಬೆಳೆಯುತ್ತಾರೆ. ಉತ್ತರ ಕರ್ನಾಟಕದ ರೊಟ್ಟಿಯ ಬಿಳಿಜೋಳದಲ್ಲಿ ಟ್ಯಾನಿನ್ ಇಲ್ಲವೆನ್ನುವಷ್ಟು ಕಡಿಮೆ. ರಾಗಿಯಲ್ಲಿ ಕಾಳಿನ ಬಣ್ಣ ಗಾಢವಾದಷ್ಟೂ ಹೆಚ್ಚು, ಬಿಳಿ ರಾಗಿಯಲ್ಲಿ ಅತ್ಯಲ್ಪ. ಮೊಳಕೆ ಕಟ್ಟಿ ಹುರಿಹಿಟ್ಟು ಮಾಡಿದಾಗ ಈ ಪ್ರಮಾಣ ಇನ್ನೂ ತಗ್ಗುತ್ತದೆ. ಮೆಲುಕು ಹಾಕುವ ಪ್ರಾಣಿಗಳಿಗೆ ಮೇವಿನಲ್ಲಿ ಸ್ವಲ್ಪ ಟ್ಯಾನಿನ್ ಇದ್ದರೆ ಪ್ರಯೋಜನವೇ: ಪ್ರೋಟೀನ್ ಮೊದಲ ಹೊಟ್ಟೆಯಲ್ಲೇ ಹಾಳಾಗದೆ ಮುಂದಕ್ಕೆ ಸಾಗುತ್ತದೆ, ಹೊಟ್ಟೆಯುಬ್ಬರ ಕಡಿಮೆಯಾಗುತ್ತದೆ. ಮಿತಿ ಮೀರಿದರೆ ದನ ಮೇವನ್ನೇ ಬಿಡುತ್ತದೆ.

ಪದಕ್ಕೆ ಹೆಸರು ಕೊಟ್ಟ ಕಸುಬಿಗೆ ಬರುವುದಾದರೆ, ಚರ್ಮದ ಮುಖ್ಯ ಪ್ರೋಟೀನ್ ಕೊಲಾಜೆನ್. ಮೂರು ಎಳೆಗಳು ಹೊಸೆದುಕೊಂಡ ಹಗ್ಗದಂಥ ರಚನೆ ಅದರದು. ಸುಣ್ಣದಲ್ಲಿ ನೆನೆಸಿ, ಕೂದಲು, ಮಾಂಸ, ಕೊಬ್ಬು ತೆಗೆದು ತೊಳೆದ ಚರ್ಮವನ್ನು ತೊಗಟೆಯ ಕಷಾಯದಲ್ಲಿ ಇಟ್ಟರೆ ಟ್ಯಾನಿನ್ ಹೊರಗಿನಿಂದ ಒಳಕ್ಕೆ ನಿಧಾನವಾಗಿ ಇಳಿಯುತ್ತ ಎಳೆಗಳ ನಡುವಿನ ನೀರಿನ ಜಾಗವನ್ನು ತಾನು ಆಕ್ರಮಿಸುತ್ತದೆ. ಮೊದಲೇ ಗಟ್ಟಿ ಕಷಾಯಕ್ಕೆ ಹಾಕಿದರೆ ಮೇಲ್ಪದರ ಬಿಗಿದುಕೊಂಡು ಒಳಗಿನದು ಹಸಿಯಾಗಿಯೇ ಉಳಿಯುತ್ತದೆ. ಅದಕ್ಕೇ ತೆಳು ಕಷಾಯದಿಂದ ಶುರುಮಾಡಿ ಹಂತಹಂತವಾಗಿ ಗಟ್ಟಿಯದಕ್ಕೆ ಹೋಗುತ್ತಾರೆ. ಹಸಿ ಚರ್ಮ ಸುಮಾರು 60-65 ಡಿಗ್ರಿ ಸೆಲ್ಸಿಯಸ್ ಬಿಸಿನೀರಿನಲ್ಲಿ ಮುದುಡಿದರೆ, ಹದವಾದದ್ದು 75-85 ಡಿಗ್ರಿಯವರೆಗೆ ತಾಳಿಕೊಳ್ಳುತ್ತದೆ.

ದಕ್ಷಿಣ ಭಾರತದಲ್ಲಿ ಈ ಕೆಲಸದ ಮುಖ್ಯ ಆಕರ ತಂಗಡಿ ಗಿಡ. ಆವರಿಕೆ ಎಂದೂ ಕರೆಸಿಕೊಳ್ಳುವ, ಬಯಲುಸೀಮೆಯ ದಾರಿಬದಿಗಳಲ್ಲಿ ಹಳದಿ ಹೂ ತುಂಬಿ ನಿಲ್ಲುವ ಈ ಪೊದೆಯ ತೊಗಟೆಯಲ್ಲಿ ಶೇಕಡ 18ರಷ್ಟು ಟ್ಯಾನಿನ್ ಇರುತ್ತದೆ. 19ನೇ ಶತಮಾನದಲ್ಲಿ ಮದರಾಸಿನಿಂದ ಇಂಗ್ಲೆಂಡಿಗೆ ಹೋಗುತ್ತಿದ್ದ, ತಂಗಡಿ ತೊಗಟೆಯಿಂದ ಹದವಾದ ತೊಗಲಿಗೆ ಅಲ್ಲಿನ ಪೇಟೆಯಲ್ಲಿ ಪ್ರತ್ಯೇಕ ಹೆಸರೇ ಇತ್ತು. ಅಳಲೆಕಾಯಿಯಲ್ಲಿ ಶೇಕಡ 30ರ ಸುಮಾರು, ಕರಿಜಾಲಿ ತೊಗಟೆಯಲ್ಲಿ 12ರಿಂದ 20ರಷ್ಟು ಇದೆ. ಆಸ್ಟ್ರೇಲಿಯಾ ಮೂಲದ ವ್ಯಾಟಲ್ ಮರ ನೀಲಗಿರಿಗೂ ದಕ್ಷಿಣ ಆಫ್ರಿಕಾಕ್ಕೂ ಬಂತು. ದಕ್ಷಿಣ ಅಮೆರಿಕದ ಕೆಬ್ರಾಚೊ ಮರದ ತಿರುಳು ಜಗತ್ತಿನ ಪೇಟೆಯನ್ನು ಬಹುಕಾಲ ಆಳಿತು.

ಬೆಳಗಾವಿ ಜಿಲ್ಲೆಯ ಅಥಣಿ, ನಿಪ್ಪಾಣಿ ಸೀಮೆಯಲ್ಲಿ ತಯಾರಾಗುವ ಕೊಲ್ಹಾಪುರಿ ಚಪ್ಪಲಿಯ ತೊಗಲು ಸಾಂಪ್ರದಾಯಿಕವಾಗಿ ಚೀಲದ ಹದದ್ದು. ಚರ್ಮವನ್ನೇ ಚೀಲವಾಗಿ ಹೊಲಿದು, ಒಳಗೆ ಕರಿಜಾಲಿ ತೊಗಟೆ ಮತ್ತು ಅಳಲೆಕಾಯಿಯ ಚೂರು ತುಂಬಿ, ಕಷಾಯ ಸುರಿದು ತೂಗುಹಾಕುತ್ತಾರೆ. ಕಷಾಯ ಚರ್ಮದ ಮೂಲಕ ಜಿನುಗಿ ಕೆಳಗಿನ ಪಾತ್ರೆಗೆ ಬೀಳುತ್ತದೆ. ಅದನ್ನೇ ಮತ್ತೆ ಮೇಲೆ ಸುರಿಯುತ್ತಾರೆ. ಹೀಗೆ ಕಷಾಯದ ಭಾರವೇ ಟ್ಯಾನಿನ್ನನ್ನು ಚರ್ಮದೊಳಕ್ಕೆ ತಳ್ಳುವುದರಿಂದ ಕೆಲಸ ಬೇಗ ಮುಗಿಯುತ್ತದೆ. 2019ರಲ್ಲಿ ಕೊಲ್ಹಾಪುರಿ ಚಪ್ಪಲಿಗೆ ದೊರೆತ ಭೌಗೋಳಿಕ ಸೂಚಕ ಮನ್ನಣೆಯಲ್ಲಿ ಮಹಾರಾಷ್ಟ್ರದ ನಾಲ್ಕು ಜಿಲ್ಲೆಗಳ ಜೊತೆ ಕರ್ನಾಟಕದ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಯಪುರ ಜಿಲ್ಲೆಗಳೂ ಸೇರಿವೆ. ಈ ವಿದ್ಯೆಯನ್ನು ಶತಮಾನಗಳ ಕಾಲ ಕಾಪಾಡಿದವರು ಡೋಹರ, ಸಮಗಾರ, ಮಾದಿಗ ಸಮುದಾಯಗಳು. 12ನೇ ಶತಮಾನದ ವಚನಕಾರ ಡೋಹರ ಕಕ್ಕಯ್ಯ ಚರ್ಮ ಹದ ಮಾಡುವ ಕುಲದವನು. ಯಾವ ತೊಗಟೆ, ಎಷ್ಟು ದಿನ, ಕಷಾಯ ಎಷ್ಟು ಗಟ್ಟಿ ಎಂಬ ನಿಖರವಾದ ಅನುಭವಜ್ಞಾನ ಅವರ ಕೈಯಲ್ಲಿತ್ತು. ಅದಕ್ಕೆ ಸಮಾಜ ಕೊಟ್ಟದ್ದು ಅಸ್ಪೃಶ್ಯತೆಯ ಶಿಕ್ಷೆ.

1884ರಲ್ಲಿ ಅಮೆರಿಕದಲ್ಲಿ ಪೇಟೆಂಟ್ ಪಡೆದ ಕ್ರೋಮಿಯಂ ಲವಣದ ಹದ ಈ ಚಿತ್ರವನ್ನು ಬದಲಿಸಿತು. ಭಾರತದಲ್ಲಿ ಅದನ್ನು ಮದರಾಸಿನಲ್ಲಿ ಪ್ರಯೋಗಕ್ಕೆ ತಂದ ಆಲ್ಫ್ರೆಡ್ ಚಾಟರ್ಟನ್ ಮುಂದೆ ಮೈಸೂರು ಸಂಸ್ಥಾನದ ಕೈಗಾರಿಕಾ ಇಲಾಖೆಯ ನಿರ್ದೇಶಕನಾದ. ಇಂದು ಜಗತ್ತಿನ ಬಹುಪಾಲು ತೊಗಲು ಕ್ರೋಮ್ ಹದದ್ದೇ. ಕ್ರೋಮ್ ತ್ಯಾಜ್ಯ ನೀರನ್ನು ಕೆಡಿಸುವುದರಿಂದ ಸಸ್ಯ ಟ್ಯಾನಿನ್‌ಗಳ ಮೇಲಿನ ಆಸಕ್ತಿ ಮತ್ತೆ ಚಿಗುರಿದೆ.

ಕಬ್ಬಿಣದೊಡನೆ ಟ್ಯಾನಿನ್ ಗಾಢ ಬಣ್ಣ ಕೊಡುತ್ತದೆ: ಜಲವಿಚ್ಛೇದ್ಯವಾದದ್ದು ನೀಲಿಗಪ್ಪು, ಸಾಂದ್ರಿತವಾದದ್ದು ಸಾಮಾನ್ಯವಾಗಿ ಹಸಿರುಗಪ್ಪು. ಬಾಳೆಕಾಯಿ ಹೆಚ್ಚಿದ ಕಬ್ಬಿಣದ ಈಳಿಗೆ ಕಪ್ಪಾಗುವುದು ಹೀಗೆ. ಯುರೋಪಿನಲ್ಲಿ ಮಧ್ಯಯುಗದಿಂದ 19ನೇ ಶತಮಾನದವರೆಗೆ ಬರವಣಿಗೆ ನಡೆದದ್ದು ಮುಖ್ಯವಾಗಿ ಓಕ್ ಗಂಟು ಮತ್ತು ಅನ್ನಭೇದಿಯಿಂದ ಮಾಡಿದ ಶಾಯಿಯಲ್ಲಿ; ಆ ಶಾಯಿಯ ಆಮ್ಲ ಹಾಳೆಗಳನ್ನು ಕೊರೆದು ತೂತು ಮಾಡಿರುವುದು ಇಂದು ಗ್ರಂಥಾಲಯಗಳಿಗೆ ತಲೆನೋವು. ಆಂಧ್ರದ ಕಲಂಕಾರಿಯಲ್ಲಿ ಬಟ್ಟೆಯನ್ನು ಮೊದಲು ಅಳಲೆಕಾಯಿ ಮತ್ತು ಎಮ್ಮೆಹಾಲಿನಲ್ಲಿ ಅದ್ದಿ ಒಣಗಿಸುತ್ತಾರೆ. ಬೆಲ್ಲದ ನೀರಿನಲ್ಲಿ ತುಕ್ಕುಗಬ್ಬಿಣ ಹುದುಗಿಸಿ ತೆಗೆದ ದ್ರವದಿಂದ ಆ ಬಟ್ಟೆಯ ಮೇಲೆ ಬರೆದೊಡನೆ ಗೆರೆ ಕಪ್ಪಾಗುತ್ತದೆ. ನೈಲಾನ್ ಬರುವ ಮುಂಚೆ ಮೀನುಗಾರರು ಹತ್ತಿಯ ಬಲೆಗಳನ್ನು ತೊಗಟೆಯ ಕಷಾಯದಲ್ಲಿ ಅದ್ದಿ ಕೊಳೆಯದಂತೆ ಕಾಪಾಡುತ್ತಿದ್ದರು.

ಕರ್ನಾಟಕದಲ್ಲಿ ಟ್ಯಾನಿನ್‌ನ ಅತ್ಯಂತ ಪರಿಚಿತ ರೂಪವೆಂದರೆ ಅಡಿಕೆಯ ಚೊಗರು. ಮಲೆನಾಡಿನ ಕೆಂಪಡಿಕೆಗೆ ಬಲಿಯುವ ಮುಂಚೆ ಗೊನೆ ಕೊಯ್ದು, ಮೆಟ್ಟುಗತ್ತಿಯಲ್ಲಿ ಸುಲಿದು, ದೊಡ್ಡ ಹಂಡೆಯಲ್ಲಿ ಬೇಯಿಸುತ್ತಾರೆ. ಬೇಯಿಸುವ ನೀರಿಗೆ ಹಿಂದಿನ ವರ್ಷ ತೆಗೆದಿಟ್ಟ ಚೊಗರು ಬೆರೆಸುವುದು ಕ್ರಮ. ಅಡಿಕೆಗೆ ಕೆಂಪು ಮತ್ತು ಹೊಳಪು ಬರುವುದು ಅದರಿಂದ. ಒಂದೇ ನೀರಿನಲ್ಲಿ ಮತ್ತೆ ಮತ್ತೆ ಅಡಿಕೆ ಬೇಯಿಸಿದಂತೆ ದ್ರವ ಗಟ್ಟಿಯಾಗಿ, ಕಡುಗೆಂಪಾಗಿ, ಕೈಗೆ ಮೆತ್ತಿದರೆ ದಿನಗಟ್ಟಲೆ ಹೋಗದ ಚೊಗರಾಗುತ್ತದೆ. ಇದರ ಬಹುಭಾಗ ಸಾಂದ್ರಿತ ಟ್ಯಾನಿನ್. ಎಳೆ ಅಡಿಕೆಯಲ್ಲಿ ಟ್ಯಾನಿನ್ ಹೆಚ್ಚು, ಹಣ್ಣಡಿಕೆಯಲ್ಲಿ ಕಡಿಮೆ. ಹಣ್ಣಾದ ಮೇಲೆ ಬಿಸಿಲಿಗೆ ಒಣಗಿಸುವ ಕರಾವಳಿಯ ಚಾಲಿ ಅಡಿಕೆ ಬೆಳ್ಳಗಿದ್ದು ಒಗರು ಕಡಿಮೆ ಇರುವುದಕ್ಕೆ ಇದು ಕಾರಣ. ಸಾಗರ ತಾಲ್ಲೂಕಿನ ಹೆಗ್ಗೋಡಿನ ಚರಕ ಸಂಸ್ಥೆ ಕೈಮಗ್ಗದ ಬಟ್ಟೆಗೆ ಬಣ್ಣ ಕೊಡಲು ಚೊಗರನ್ನು ಬಳಸುತ್ತದೆ.

ಅಡಿಕೆಯ ಇನ್ನೊಂದು ಮುಖವನ್ನೂ ಹೇಳಲೇಬೇಕು. ಅಡಿಕೆ ಜಗಿಯುವವರಲ್ಲಿ ಬಾಯಿಯ ಒಳಪದರ ಬಿಗಿದು, ಬಾಯಿ ತೆರೆಯಲಾಗದ ಸಬ್‌ಮ್ಯೂಕಸ್ ಫೈಬ್ರೋಸಿಸ್ ಎಂಬ ರೋಗ ಬರುತ್ತದೆ. ಅರೆಕೋಲಿನ್ ಎಂಬ ಆಲ್ಕಲಾಯ್ಡ್ ಕೊಲಾಜೆನ್ ಹೆಚ್ಚು ಉತ್ಪತ್ತಿಯಾಗುವಂತೆ ಮಾಡುತ್ತದೆ. ಟ್ಯಾನಿನ್ ಆ ಕೊಲಾಜೆನ್ ಎಳೆಗಳನ್ನು ಬೆಸೆದು, ದೇಹದ ಕಿಣ್ವಗಳು ಅವನ್ನು ಕರಗಿಸದಂತೆ ಮಾಡುತ್ತದೆಂದು ಸಂಶೋಧಕರು ವಿವರಿಸುತ್ತಾರೆ. ಹದದ ತೊಟ್ಟಿಯಲ್ಲಿ ಸತ್ತ ಚರ್ಮಕ್ಕೆ ಆಗುವುದೇ ಇಲ್ಲಿ ಜೀವಂತ ಬಾಯಿಗೆ ಆಗುತ್ತದೆ. ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ 2004ರಲ್ಲಿ ಪ್ರಕಟಿಸಿದ ವರದಿ ತಂಬಾಕಿಲ್ಲದ ಬರಿಯ ಅಡಿಕೆಯನ್ನೂ ಮನುಷ್ಯರಲ್ಲಿ ಕ್ಯಾನ್ಸರ್ ತರುವ ವಸ್ತುಗಳ ಮೊದಲ ಗುಂಪಿಗೆ ಸೇರಿಸಿದೆ.

ಔಷಧವಾಗಿ ಟ್ಯಾನಿನ್ ಭೇದಿ, ಒಸಡಿನ ರಕ್ತಸ್ರಾವ, ಹುಣ್ಣುಗಳಿಗೆ ಅನೇಕ ದೇಶಗಳ ಮನೆಮದ್ದಿನಲ್ಲಿ ಸೇರಿದೆ. 1925ರಿಂದ ಸುಟ್ಟಗಾಯಗಳಿಗೆ ಟ್ಯಾನಿಕ್ ಆಮ್ಲದ ದ್ರಾವಣ ಹಚ್ಚುವ ಚಿಕಿತ್ಸೆ ಜಗತ್ತಿನ ಆಸ್ಪತ್ರೆಗಳಲ್ಲಿ ಹರಡಿತು. ಗಾಯದ ಮೂಲಕ ಒಳಸೇರಿದ ಅದು ಯಕೃತ್ತನ್ನು ಕೆಡಿಸುತ್ತದೆಂದು 1940ರ ದಶಕದಲ್ಲಿ ಗೊತ್ತಾದ ಮೇಲೆ ಚಿಕಿತ್ಸೆ ನಿಂತುಹೋಯಿತು. ಆಹಾರದಲ್ಲಿ ಟ್ಯಾನಿನ್ ಮತ್ತು ಅಂಥ ಪಾಲಿಫೀನಾಲ್‌ಗಳು ಧಾನ್ಯ, ಸೊಪ್ಪುಗಳ ಕಬ್ಬಿಣಾಂಶವನ್ನು ಹಿಡಿದಿಟ್ಟು ದೇಹಕ್ಕೆ ದಕ್ಕದಂತೆ ಮಾಡುತ್ತವೆ. ಊಟದ ಜೊತೆಗೇ ಚಹಾ ಕುಡಿಯುವುದನ್ನು ರಕ್ತಹೀನತೆ ಇರುವವರು, ಗರ್ಭಿಣಿಯರು ಬಿಡುವುದು ಒಳ್ಳೆಯದು. ಊಟಕ್ಕೂ ಚಹಾಕ್ಕೂ ಒಂದು ಗಂಟೆಯಾದರೂ ಅಂತರವಿರಬೇಕು. ನಿಂಬೆ, ನೆಲ್ಲಿ ಮೊದಲಾದವುಗಳ ಸಿ ಜೀವಸತ್ವ ಈ ಅಡ್ಡಿಯನ್ನು ಒಂದಿಷ್ಟು ತಗ್ಗಿಸುತ್ತದೆ.

ಪದದ ಬಳಕೆಯಲ್ಲಿ ಪದೇ ಪದೇ ಕಾಣುವ ತಪ್ಪುಗಳು ಕೆಲವಿವೆ. ಟ್ಯಾನಿನ್ ಮತ್ತು ಟ್ಯಾನಿಕ್ ಆಮ್ಲ ಒಂದೇ ಎಂದು ಬರೆಯುವುದು ಅವುಗಳಲ್ಲಿ ಮೊದಲನೆಯದು. ಟ್ಯಾನಿಕ್ ಆಮ್ಲ ಎಂದರೆ ಗಂಟುಗಳಿಂದ ತೆಗೆದ ಗ್ಯಾಲೊಟ್ಯಾನಿನ್‌ಗಳ ವಾಣಿಜ್ಯ ಹೆಸರು. ಸೀಸೆಯ ಮೇಲೆ ಅಣುತೂಕ 1701 ಎಂದು ಮುದ್ರಿಸಿದ್ದರೂ ಒಳಗಿರುವುದು ಗ್ಯಾಲಿಕ್ ತುಣುಕುಗಳ ಸಂಖ್ಯೆ ಹೆಚ್ಚುಕಡಿಮೆ ಇರುವ ಹಲವು ಅಣುಗಳ ಮಿಶ್ರಣ. ಚಹಾದಲ್ಲಿ ಟ್ಯಾನಿಕ್ ಆಮ್ಲ ಇದೆ ಎಂಬ ಜನಪ್ರಿಯ ಮಾತು ಸರಿಯಲ್ಲ. ಹಸಿರು ಚಹಾದ ಮುಖ್ಯ ಪಾಲಿಫೀನಾಲ್‌ಗಳು ಕ್ಯಾಟೆಚಿನ್‌ಗಳು. ಕಪ್ಪು ಚಹಾದಲ್ಲಿ ಅವು ಆಕ್ಸಿಡೀಕರಣಗೊಂಡು ಥಿಯಾಫ್ಲೇವಿನ್, ಥಿಯಾರುಬಿಜಿನ್‌ಗಳಾಗುತ್ತವೆ. ಕಾಫಿಯ ಕ್ಲೋರೊಜೆನಿಕ್ ಆಮ್ಲವನ್ನು ಹಿಂದೆ ಕೆಫಿಟ್ಯಾನಿಕ್ ಆಮ್ಲವೆಂದು ಕರೆಯುತ್ತಿದ್ದರು. ಅಣುತೂಕ 354 ಇರುವ ಅದು ಜೆಲಟಿನ್‌ನ್ನು ಗಸಿ ಮಾಡದು, ಚರ್ಮವನ್ನು ಹದ ಮಾಡದು. ಗ್ಯಾಲಿಕ್ ಆಮ್ಲ, ಕ್ಯಾಟೆಚಿನ್, ಕ್ಲೋರೊಜೆನಿಕ್ ಆಮ್ಲ ಮುಂತಾದ ಸಣ್ಣ ಅಣುಗಳನ್ನು ಔಷಧಶಾಸ್ತ್ರದ ಪುಸ್ತಕಗಳು ಹುಸಿಟ್ಯಾನಿನ್‌ಗಳೆಂದು ಬೇರೆಯಾಗಿ ಇಡುತ್ತವೆ. ಟ್ಯಾನಿನ್‌ಗಳೆಲ್ಲ ಪಾಲಿಫೀನಾಲ್‌ಗಳು, ಪಾಲಿಫೀನಾಲ್‌ಗಳೆಲ್ಲ ಟ್ಯಾನಿನ್ ಅಲ್ಲ. 1957ರಲ್ಲೇ ಥಿಯೊಡೋರ್ ವೈಟ್ ಈ ಭೇದವನ್ನು ಒತ್ತಿ ಹೇಳಿದ್ದ.

ಅಳತೆಯಲ್ಲಿಯೂ ಇದೇ ತೊಡಕು. ಫೆರಿಕ್ ಕ್ಲೋರೈಡ್ ಹಾಕಿದಾಗ ಕಪ್ಪಾದರೆ ಫೀನಾಲ್ ಇದೆಯೆಂದಷ್ಟೇ ಹೇಳಬಹುದು. ಹೆಚ್ಚು ಬಳಕೆಯಲ್ಲಿರುವ ಫೋಲಿನ್ ವಿಧಾನ ಫೀನಾಲ್‌ಗಳ ಒಟ್ಟು ಮೊತ್ತವನ್ನು ಕೊಡುತ್ತದೆ. ಸಿ ಜೀವಸತ್ವ ಇದ್ದರೆ ಅದನ್ನೂ ಲೆಕ್ಕಕ್ಕೆ ಸೇರಿಸಿಬಿಡುತ್ತದೆ. ಆಮ್ಲ-ಬ್ಯುಟನಾಲ್ ವಿಧಾನ ಸಾಂದ್ರಿತ ಟ್ಯಾನಿನ್‌ಗಳನ್ನು ಮಾತ್ರ ಕೆಂಪುಬಣ್ಣವಾಗಿ ತೋರಿಸುತ್ತದೆ. ಅಳಲೆಕಾಯಿಯಂಥ ಜಲವಿಚ್ಛೇದ್ಯ ಟ್ಯಾನಿನ್‌ಗಳ ಆಕರ ಅದರ ಕಣ್ಣಿಗೆ ಬೀಳುವುದೇ ಇಲ್ಲ. ಚರ್ಮೋದ್ಯಮ ಇವನ್ನೆಲ್ಲ ಬಿಟ್ಟು, ಕಷಾಯವನ್ನು ಚರ್ಮದ ಪುಡಿಯೊಡನೆ ಕಲಸಿ, ಪುಡಿ ಎಷ್ಟನ್ನು ಹೀರಿಕೊಂಡಿತು ಎಂದು ತೂಗಿ ನೋಡುತ್ತದೆ. ಒಂದೇ ಅಡಿಕೆಯ ಟ್ಯಾನಿನ್ ಪ್ರಮಾಣ ಬೇರೆ ಬೇರೆ ವರದಿಗಳಲ್ಲಿ ಬೇರೆ ಬೇರೆಯಾಗಿ ಕಾಣಲು ತಳಿ ಮತ್ತು ಬಲಿತ ಹಂತದ ವ್ಯತ್ಯಾಸದ ಜೊತೆಗೆ ವಿಧಾನದ ವ್ಯತ್ಯಾಸವೂ ಕಾರಣ. ಬಳಸಿದ ವಿಧಾನವನ್ನೂ ಹೋಲಿಕೆಗೆ ಇಟ್ಟುಕೊಂಡ ವಸ್ತು ಗ್ಯಾಲಿಕ್ ಆಮ್ಲವೋ ಟ್ಯಾನಿಕ್ ಆಮ್ಲವೋ ಕ್ಯಾಟೆಚಿನ್ನೋ ಎಂಬುದನ್ನೂ ಹೇಳದೆ ಕೊಟ್ಟ ಟ್ಯಾನಿನ್ ಶೇಕಡಾವಾರನ್ನು ಮತ್ತೊಂದರ ಜೊತೆ ಹೋಲಿಸಲು ಬರುವುದಿಲ್ಲ.